ಆಯದಿಂದ ಪ್ರಮಾಣಪತ್ರದವರೆಗೆ: ಕೃಷ್ಣಾ ಮುಳುಗಡೆ ಪ್ರದೇಶದಲ್ಲಿ ದುಡಿಮೆಯ ಹಕ್ಕು

ಉತ್ತರ ಕರ್ನಾಟಕದ ಗ್ರಾಮಜೀವನದಲ್ಲಿ ಸುಗ್ಗಿಯ ಕಣವು ಕೇವಲ ಧಾನ್ಯ ತೂರುವ ಸ್ಥಳವಾಗಿರಲಿಲ್ಲ. ರಾಶಿಪೂಜೆ ಮುಗಿದ ಮೇಲೆ ಬಡಿಗ, ಕಮ್ಮಾರ, ಕುಂಬಾರ, ಅಗಸ, ಹಡಪದ, ತಳವಾರ ಮೊದಲಾದ ಆಯಗಾರರು ವರ್ಷವಿಡೀ ಮಾಡಿದ ಕೆಲಸಕ್ಕೆ ಪ್ರತಿಫಲವಾಗಿ ತಮ್ಮ ಪಾಲಿನ ಧಾನ್ಯವನ್ನು ಪಡೆಯುತ್ತಿದ್ದುದು ಅಲ್ಲಿಯೇ. ಈ ಪಾಲಿಗೆ ‘ಆಯ’ ಎಂದು ಹೆಸರು. ಹೊಲವಿಲ್ಲದವನಿಗೂ ಊರಿನ ಬೆಳೆಯಲ್ಲಿ ಒಂದು ಹಕ್ಕನ್ನು ಈ ಪದ್ಧತಿ ಮಾನ್ಯ ಮಾಡಿತ್ತು. ಆ ಹಕ್ಕು ಯಾವ ಪಹಣಿಯಲ್ಲಿಯೂ ದಾಖಲಾಗಿರಲಿಲ್ಲ. ಊರಿನ ನೆನಪೇ ಅದರ ದಾಖಲೆ.

1964ರಲ್ಲಿ ಅಂದಿನ ಕೇಂದ್ರ ಸಚಿವ ಲಾಲ್ ಬಹಾದ್ದೂರ್ ಶಾಸ್ತ್ರಿಯವರು ಆಲಮಟ್ಟಿಯಲ್ಲಿ ಕೃಷ್ಣಾ ಮೇಲ್ದಂಡೆ ಯೋಜನೆಗೆ ಅಡಿಗಲ್ಲು ಹಾಕಿದರು. ನಾರಾಯಣಪುರದ ಬಸವಸಾಗರದ ನಂತರ ಆಲಮಟ್ಟಿ ಜಲಾಶಯವೂ ಪೂರ್ಣಗೊಂಡು 519.60 ಮೀಟರ್ ಮಟ್ಟದವರೆಗೆ ನೀರು ನಿಲ್ಲತೊಡಗಿತು. ಕೃಷ್ಣಾ ಮತ್ತು ಘಟಪ್ರಭಾ ತೀರದ ಅನೇಕ ಗ್ರಾಮಗಳೂ ಹಳೆಯ ಬಾಗಲಕೋಟೆಯ ಭಾಗಗಳೂ ಮುಳುಗಡೆಯಾದವು. ನವನಗರವೂ ಹತ್ತಾರು ಪುನರ್ವಸತಿ ಕೇಂದ್ರಗಳೂ ತಲೆಯೆತ್ತಿದವು.

ಈ ಸ್ವಾಧೀನಕ್ಕೆ ಆಧಾರವಾಗಿದ್ದುದು 1894ರ ಭೂಸ್ವಾಧೀನ ಕಾಯಿದೆ. ಜಮೀನು, ಮನೆ, ಮರಗಳಿಗೆ ಬೆಲೆ ಕಟ್ಟುವ ಕ್ರಮ ಅದರಲ್ಲಿತ್ತು. ಕಡ್ಡಾಯ ಸ್ವಾಧೀನಕ್ಕಾಗಿ ನೀಡುವ ಹೆಚ್ಚುವರಿ ಮೊತ್ತವನ್ನು 1984ರ ತಿದ್ದುಪಡಿ ಶೇ. 15ರಿಂದ ಶೇ. 30ಕ್ಕೆ ಏರಿಸಿತು. ಆದರೆ ಪರಿಹಾರ ಕೇಳಲು ಸ್ವಾಧೀನಕ್ಕೊಳಗಾದ ಆಸ್ತಿಯಲ್ಲಿ ಹಿತಾಸಕ್ತಿ ಇರಬೇಕಿತ್ತು. ಉದ್ಯೋಗದ ಮಾತು ಕಾಯಿದೆಯಲ್ಲಿ ಇರಲಿಲ್ಲ. ಕುಂಬಾರನ ಗುಡಿಸಲಿಗೆ ಬೆಲೆ ಬಂದೀತು. ಅವನ ಗಡಿಗೆ ಕೊಳ್ಳುತ್ತಿದ್ದ ನೂರು ಮನೆಗಳಿಗೆ, ಮಣ್ಣು ತರುತ್ತಿದ್ದ ಕೆರೆಯಂಗಳಕ್ಕೆ ಬೆಲೆ ಕಟ್ಟುವವರಿರಲಿಲ್ಲ. ಒಂದೇ ಊರಿನ ಒಕ್ಕಲುಗಳು ಬೇರೆ ಬೇರೆ ಕಡೆ ಚದುರಿದಾಗ ಆಯ ಕೊಡುವ ಕೈಗಳೂ ಚದುರುತ್ತವೆ. ನೆಲ ಕಳೆದುಕೊಂಡವನಿಗೆ ಹಣ ಬಂದರೆ, ಕೆಲಸ ಕಳೆದುಕೊಂಡವನಿಗೆ ಉಳಿದುದು ಕೂಲಿಯ ದಾರಿ.

ಉದ್ಯೋಗದ ಪ್ರಶ್ನೆ ಆಡಳಿತದ ಗಮನಕ್ಕೆ ಬಂದುದು ಬೇರೊಂದು ರೂಪದಲ್ಲಿ. 2000ದಲ್ಲಿ ಕರ್ನಾಟಕ ಸರ್ಕಾರವು ಯೋಜನಾ ನಿರಾಶ್ರಿತ ಕುಟುಂಬಗಳ ಸದಸ್ಯರಿಗೆ ‘ಸಿ’ ಮತ್ತು ‘ಡಿ’ ಗುಂಪಿನ ಹುದ್ದೆಗಳಲ್ಲಿ ಶೇ. 5ರಷ್ಟು ಮೀಸಲಾತಿ ಕಲ್ಪಿಸಿತು. ತಹಶೀಲ್ದಾರರ ಪ್ರಮಾಣಪತ್ರ ಇದಕ್ಕೆ ಅಗತ್ಯ. ಇದು ಮಹತ್ವದ ಹೆಜ್ಜೆಯೆಂಬುದರಲ್ಲಿ ಸಂಶಯವಿಲ್ಲ. ಆದರೂ ಪ್ರಮಾಣಪತ್ರವು ದಾಖಲೆಯನ್ನು ಬೇಡುತ್ತದೆ, ಹುದ್ದೆಯು ವಿದ್ಯಾರ್ಹತೆಯನ್ನು ಬೇಡುತ್ತದೆ. ಇವೆರಡೂ ಇಲ್ಲದ ಆಯಗಾರ ಕುಟುಂಬಗಳಿಗೆ ಈ ಬಾಗಿಲು ಸುಲಭವಾಗಿ ತೆರೆಯುವಂಥದಲ್ಲ. ಇದಕ್ಕೂ ಮುನ್ನ, 1995ರಲ್ಲಿ, ರೂರ್ಕೆಲಾ ಉಕ್ಕಿನ ಕಾರ್ಖಾನೆಯ ನಿರಾಶ್ರಿತರ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು, ಕುಟುಂಬದ ಪ್ರತಿಯೊಬ್ಬ ವಯಸ್ಕನಿಗೂ ಉದ್ಯೋಗ ನೀಡದಿರುವುದು ಸಂವಿಧಾನದ 21ನೆಯ ವಿಧಿಯ ಉಲ್ಲಂಘನೆಯಾಗದೆಂದು ಹೇಳಿತ್ತು.

2014ರ ಜನವರಿ 1ರಂದು ಜಾರಿಗೆ ಬಂದ 2013ರ ಭೂಸ್ವಾಧೀನ ಕಾಯಿದೆ ಈ ಹಿನ್ನೆಲೆಯಲ್ಲಿ ಗಮನಾರ್ಹವಾದುದು. ಸ್ವಾಧೀನಕ್ಕೆ ಮುಂಚೆ ಮೂರು ವರ್ಷ ಅಲ್ಲಿ ದುಡಿದು, ಮುಖ್ಯ ಜೀವನಾಧಾರ ಕಳೆದುಕೊಳ್ಳುವ ಭೂರಹಿತ ಕೃಷಿಕಾರ್ಮಿಕ, ಗೇಣಿದಾರ ಹಾಗೂ ಕುಶಲಕರ್ಮಿಗಳ ಕುಟುಂಬಗಳನ್ನೂ ಅದು ಬಾಧಿತ ಕುಟುಂಬವೆಂದು ಪರಿಗಣಿಸುತ್ತದೆ. ವಿಧವೆಯರನ್ನೂ ಪರಿತ್ಯಕ್ತೆಯರನ್ನೂ ಪ್ರತ್ಯೇಕ ಕುಟುಂಬವೆಂದು ಎಣಿಸುತ್ತದೆ. ಯೋಜನೆಯಿಂದ ಉದ್ಯೋಗ ಸೃಷ್ಟಿಯಾದಲ್ಲಿ ತರಬೇತಿಯೊಂದಿಗೆ ಒಬ್ಬ ಸದಸ್ಯನಿಗೆ ಕೆಲಸ, ಅಥವಾ 5 ಲಕ್ಷ ರೂಪಾಯಿ, ಅಥವಾ 20 ವರ್ಷಗಳವರೆಗೆ ತಿಂಗಳಿಗೆ ಕನಿಷ್ಠ 2,000 ರೂಪಾಯಿಯ ವರ್ಷಾಶನ: ಇವು ಅದು ಸೂಚಿಸುವ ಆಯ್ಕೆಗಳು. ಆದರೆ ಕಾರ್ಖಾನೆಯಂತೆ ಜಲಾಶಯವು ನೂರಾರು ಹುದ್ದೆಗಳನ್ನು ಸೃಷ್ಟಿಸುವುದಿಲ್ಲ. ನೀರಾವರಿ ಯೋಜನೆಯಲ್ಲಿ ಉದ್ಯೋಗದ ಆಯ್ಕೆ ಬಹುಮಟ್ಟಿಗೆ ಹಣದ ಆಯ್ಕೆಯಾಗಿಯೇ ಉಳಿಯುವ ಸಂಭವ ಹೆಚ್ಚು.

ಆಯ ಪದ್ಧತಿಯನ್ನು ವೈಭವೀಕರಿಸುವುದು ಸರಿಯಲ್ಲ. ಅದು ಜಾತಿಗೆ ಕೆಲಸವನ್ನು ಕಟ್ಟಿಹಾಕಿತ್ತು. ಕಣದಲ್ಲಿ ಪಾಲು ಪಡೆಯುವವನು ಕೈಚಾಚಿಯೇ ನಿಲ್ಲಬೇಕಿತ್ತು. ಅದರಿಂದ ಬಿಡುಗಡೆ ಅಗತ್ಯವೇ ಆಗಿತ್ತು. ಆದರೆ ಬಿಡುಗಡೆಯೆಂದರೆ ಬರಿಗೈಯಲ್ಲಿ ಹೊರದೂಡುವುದಲ್ಲ. 2010ರಲ್ಲಿ ಎರಡನೆಯ ಕೃಷ್ಣಾ ಜಲವಿವಾದ ನ್ಯಾಯಮಂಡಳಿಯು ಆಲಮಟ್ಟಿಯಲ್ಲಿ 524.256 ಮೀಟರ್‌ವರೆಗೆ ನೀರು ಸಂಗ್ರಹಿಸಲು ಸಮ್ಮತಿಸಿರುವುದರಿಂದ ಈ ಪ್ರಶ್ನೆ ಇತಿಹಾಸಕ್ಕೆ ಮಾತ್ರ ಸೇರಿದುದಲ್ಲ. ಮುಂದೆ ಮುಳುಗುವ ಊರುಗಳಲ್ಲಿ ಸರ್ವೆಯ ಸರಪಳಿ ಹೊಲಗಳನ್ನು ಅಳೆಯುವ ಮುನ್ನ, ಆ ಊರಿನಲ್ಲಿ ಯಾರು ಯಾರಿಗಾಗಿ ಏನು ದುಡಿಯುತ್ತಿದ್ದಾರೆಂಬುದರ ಲೆಕ್ಕವೂ ಆಗಬೇಕಾಗಿದೆ. ಜಾನಪದ ಕ್ಷೇತ್ರಕಾರ್ಯವು ಆ ಲೆಕ್ಕಕ್ಕೆ ನೆರವಾಗಬಲ್ಲದು.