ಮೊಂತಿ ಹಬ್ಬದ ಹೂವು ಮತ್ತು ನಮ್ಮ ಮಕ್ಕಳ ಪ್ರಶ್ನೆ

ಆಗಸ್ಟ್ 30 ಬಂತೆಂದರೆ ಮಂಗಳೂರಿನ ಕಡೆ ಕ್ರೈಸ್ತ ಮಕ್ಕಳು ಹೂವಿನ ಬುಟ್ಟಿ ಹಿಡಿದು ಇಗರ್ಜಿಗೆ ಹೊರಡುತ್ತಾರೆ. ಒಂಬತ್ತು ದಿನ ಪ್ರಾರ್ಥನೆ, ಬಾಲೆ ಮರಿಯಮ್ಮನ ಪ್ರತಿಮೆಗೆ ಹೂ. ಸೆಪ್ಟೆಂಬರ್ 8 ಮರಿಯಮ್ಮನ ಜನ್ಮದಿನ. ಕೊಂಕಣಿ ಕ್ರೈಸ್ತರ ಮೊಂತಿ ಫೆಸ್ತ್. ಅಂದು ಪಾದ್ರಿಗಳು ಭತ್ತದ ತೆನೆಯನ್ನು ಆಶೀರ್ವದಿಸಿ ಮನೆಮನೆಗೆ ಕೊಡುತ್ತಾರೆ. ಮನೆಯಲ್ಲಿ ಕಾಳು ಸುಲಿದು ಹಾಲಿಗೋ ಪಾಯಸಕ್ಕೋ ಬೆರೆಸಿ ಎಲ್ಲರೂ ಹಂಚಿಕೊಳ್ಳುತ್ತಾರೆ. ಮೀನಿಲ್ಲದೆ ಊಟ ಸೇರದ ಮನೆಗಳಲ್ಲೂ ಅಂದು ಬರೀ ತರಕಾರಿಯ ಅಡುಗೆ.

"ಅಬ್ಬಾ, ಅವರು ಗೊಂಬೆಗೆ ಯಾಕೆ ಹೂ ಹಾಕ್ತಾರೆ? ನಾವು ಯಾಕೆ ಹಾಕಲ್ಲ?"

ಇಂಥ ಪ್ರಶ್ನೆ ಬಂದಾಗ ನಾವು ಸಾಮಾನ್ಯವಾಗಿ ಮಗುವಿನ ಬಾಯಿ ಮುಚ್ಚಿಸುತ್ತೇವೆ. ಇಲ್ಲವೇ "ಅದೆಲ್ಲ ತಪ್ಪು" ಎಂದು ಒಂದೇ ಮಾತಿನಲ್ಲಿ ಮುಗಿಸುತ್ತೇವೆ. ನೇರ ಉತ್ತರ ಅಷ್ಟೇನೂ ಕಷ್ಟವಲ್ಲ. ಅವರು ಮರಿಯಮ್ಮ ಎನ್ನುವುದು ನಮ್ಮ ಬೀಬಿ ಮರ್ಯಮರನ್ನೇ. ಕುರ್‌ಆನಿನ 19ನೇ ಅಧ್ಯಾಯಕ್ಕೆ ಅವರದೇ ಹೆಸರು. ಅವರು ಪ್ರತಿಮೆ ಇಟ್ಟು ಗೌರವಿಸುತ್ತಾರೆ, ನಮ್ಮಲ್ಲಿ ಪ್ರತಿಮೆ ಇಲ್ಲ. ಇಷ್ಟು ಹೇಳಿದರೆ ಆರು ವರ್ಷದ ಮಗುವಿಗೆ ಅರ್ಥವಾಗುತ್ತದೆ. ಭೇದವನ್ನು ಅಡಗಿಸುವುದೂ ಬೇಡ, ಅದಕ್ಕೆ ಮುಖ ಸಿಂಡರಿಸುವುದೂ ಬೇಡ.

ಕಷ್ಟವಿರುವುದು ಚರಿತ್ರೆಯಲ್ಲಿ. ನೇತ್ರಾವತಿ ದಂಡೆಯ ಫರಂಗಿಪೇಟೆಯ ಮೊಂತೆ ಮರಿಯಾನೊದಲ್ಲಿ ಈ ಹಬ್ಬವನ್ನು 1763ರಲ್ಲಿ ಆರಂಭಿಸಿದವರು ಗೋವಾ ಮೂಲದ ಫಾದರ್ ಜೋಕಿಂ ಮಿರಾಂಡ ಎನ್ನುತ್ತಾರೆ. ಅವರಿಗೂ ಹೈದರಲಿಗೂ ಸ್ನೇಹವಿತ್ತಂತೆ. ಆದರೆ 1784ರ ಫೆಬ್ರವರಿಯಲ್ಲಿ, ಕ್ರೈಸ್ತರು ಉಪವಾಸ ಕಾಲಕ್ಕೆ ಕಾಲಿಡುವ ಬೂದಿ ಬುಧವಾರದಂತೆ, ಹೈದರನ ಮಗ ಟಿಪ್ಪುವಿನ ಸೈನಿಕರು ಇದೇ ಜನರನ್ನು ಹಿಡಿದು ಶ್ರೀರಂಗಪಟ್ಟಣಕ್ಕೆ ನಡೆಸಿದರು. ಯುದ್ಧದಲ್ಲಿ ಇಂಗ್ಲಿಷರಿಗೆ ನೆರವಾದರೆಂಬುದು ಅವರ ಮೇಲಿನ ಆರೋಪ. ಸಂಖ್ಯೆ ಮೂವತ್ತು ಸಾವಿರವೆಂದೂ ಅರವತ್ತು ಸಾವಿರವೆಂದೂ ಬರೆದವರಿದ್ದಾರೆ. ಮಿಲಾಗ್ರಿಸ್ ಸೇರಿದಂತೆ ಹಲವು ಇಗರ್ಜಿಗಳು ನೆಲಸಮವಾದವು. ಫರಂಗಿಪೇಟೆಯ ಇಗರ್ಜಿಯೂ ಹೋಯಿತು. ಮಠವನ್ನು ಮಾತ್ರ ಟಿಪ್ಪು ತಂದೆಯ ಸ್ನೇಹದ ನೆನಪಿಗೆ ಉಳಿಸಿದನೆಂಬ ಪ್ರತೀತಿ ಇದೆ.

ಟಿಪ್ಪುವನ್ನು ನಾವು ಶಹೀದ್ ಎಂದು ಕರೆಯುತ್ತೇವೆ. ಶೃಂಗೇರಿ ಮಠಕ್ಕೆ ಆತ ಬರೆದ ಪತ್ರಗಳನ್ನು ಹೆಮ್ಮೆಯಿಂದ ಉಲ್ಲೇಖಿಸುತ್ತೇವೆ, ಉಲ್ಲೇಖಿಸಲೇಬೇಕು. ಆದರೆ ಪಕ್ಕದ ಮನೆಯ ಮಗುವಿನ ಅಜ್ಜಿ ತನ್ನ ಮೊಮ್ಮಗುವಿಗೆ ಹೇಳುವ ಕತೆಯಲ್ಲಿ ಆ ನಡಿಗೆ ಇದ್ದೇ ಇರುತ್ತದೆ. ನಾವು ಹೇಳದಿದ್ದರೆ ನಮ್ಮ ಮಗು ಅದನ್ನು ಶಾಲೆಯ ಅಂಗಳದಲ್ಲಿ, ಬೈಗುಳದ ರೂಪದಲ್ಲಿ ಕೇಳುತ್ತದೆ. ಹಾಗಾಗಿ ಮಕ್ಕಳು ಸ್ವಲ್ಪ ಬೆಳೆದ ಮೇಲೆ ನಾವೇ ಹೇಳಿದೆವು, ಸುಲ್ತಾನನ ಒಳ್ಳೆಯದನ್ನೂ, ಇದನ್ನೂ.

ದೊಡ್ಡವಳು ಸುಮ್ಮನಿದ್ದಳು. ಚಿಕ್ಕವನು ಕೇಳಿದ: "ಅವರು ವಾಪಸ್ಸು ಬಂದಾಗ ಹಬ್ಬಕ್ಕೆ ತೆನೆ ಎಲ್ಲಿಂದ ತಂದರು?"

1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಬದುಕುಳಿದವರು ಮರಳಿದಾಗ ಅವರ ಗದ್ದೆಗಳು ಬೇರೆಯವರ ಕೈಯಲ್ಲಿದ್ದವು. ಕೆಲವರಿಗೆ ಮಾತ್ರ ಮತ್ತೆ ಸಿಕ್ಕವು. ಮೊದಲ ವರ್ಷ ಯಾರ ಗದ್ದೆಯ ತೆನೆಯನ್ನೋ ಕೇಳಿ ತಂದಿರಬೇಕು ಎಂದೆವು.