ಹಳೆಯ ಸಾಮಾನಿನ ಆಟದ ಬಯಲು

ಆಟದ ಬಯಲೆಂದೊಡನೆ ನಮ್ಮ ಕಣ್ಣಿಗೆ ಕಟ್ಟುವುದು ಉಯ್ಯಾಲೆ, ಜಾರುಬಂಡೆ, ಏರಿಳಿಯುವ ಹಲಗೆ. ಇವನ್ನು ಮಾಡಿಟ್ಟವರು ಹಿರಿಯರು. ಆಡುವ ಕ್ರಮವನ್ನು ಗೊತ್ತುಮಾಡಿದವರೂ ಅವರೇ. ಜಾರುಬಂಡೆಯನ್ನು ಕೆಳಗಿನಿಂದ ಹತ್ತುವ ಹುಡುಗನಿಗೆ ಗದರಿಕೆ ತಪ್ಪಿದ್ದಲ್ಲ! ಮುಂಬಯಿಯ ನಾವೆಲ್ಲ ಮಕ್ಕಳನ್ನು ಕಮಲಾ ನೆಹರೂ ಉದ್ಯಾನದ ಬೂಟುಮನೆಗೆ ಕರೆದೊಯ್ದು ಸಂತೋಷಪಟ್ಟವರೇ. ಆದರೂ ಬೂಟು ಬೂಟೇ. ಅದನ್ನು ಹಡಗೆಂದೋ ಕೋಟೆಯೆಂದೋ ಭಾವಿಸಿಕೊಳ್ಳಲು ಮಗುವಿಗೆ ಎಡೆ ಕಡಮೆ.

ಈ ಕೊರತೆಯನ್ನು ಬಹು ಹಿಂದೆಯೇ ಕಂಡವರು ಡೆನ್ಮಾರ್ಕಿನ ಉದ್ಯಾನಶಿಲ್ಪಿ ಸೊರೆನ್ಸೆನ್. ತಾವು ಅಚ್ಚುಕಟ್ಟಾಗಿ ರಚಿಸಿದ ಆಟದ ಬಯಲುಗಳನ್ನು ಬಿಟ್ಟು ಮಕ್ಕಳು ಬೇರೆಲ್ಲೆಲ್ಲೋ ಆಡುವುದನ್ನು ಅವರು ಗಮನಿಸಿದರು. ಕಟ್ಟಡ ಏಳುತ್ತಿರುವ ಕಡೆ, ಹಲಗೆ ಇಟ್ಟಿಗೆಗಳ ನಡುವೆ, ಅವರ ಆಟಕ್ಕೆ ಕಳೆಯೇ ಬೇರೆ. ಹಳೆಯ ಸಾಮಾನನ್ನೇ ತುಂಬಿದ ಬಯಲೊಂದನ್ನು ಮಕ್ಕಳಿಗೆ ಕೊಟ್ಟು ನೋಡಬಾರದೇಕೆ ಎಂದು 1931ರಲ್ಲಿ ಸೂಚಿಸಿದರು. ಸೂಚನೆ ಕೈಗೂಡಿದುದು 1943ರಲ್ಲಿ, ಕೋಪನ್‌ಹೇಗನ್ ನಗರದ ಅಂಚಿನ ಎಂಡ್ರುಪ್ ಬಡಾವಣೆಯಲ್ಲಿ. ನಾಡು ಆಗ ಜರ್ಮನರ ವಶದಲ್ಲಿತ್ತು. ಹೊರಗೆ ಹಿರಿಯರ ಯುದ್ಧ. ಬೇಲಿಯೊಳಗೆ ಮಕ್ಕಳ ಮನೆಕಟ್ಟುವ ಸಂಭ್ರಮ.

ಅಲ್ಲಿಯ ಮೊದಲ ಮೇಲ್ವಿಚಾರಕ ಬರ್ಟೆಲ್ಸೆನ್ ಹಿಂದೆ ನಾವಿಕರಾಗಿದ್ದವರು, ಶಿಶುವಿಹಾರದ ಶಿಕ್ಷಣ ಪಡೆದವರು. ಆಟ ಹೇಳಿಕೊಡುವುದು ತಮ್ಮ ಕೆಲಸವಲ್ಲ, ಮೊದಲ ಹೆಜ್ಜೆ ಮಕ್ಕಳದೇ ಆಗಬೇಕು ಎಂಬುದು ಅವರ ನಿಲುವು. ಇಂಥ ಬಯಲಿನಲ್ಲಿ ಮೊಳೆ ಬಾಗಿದರೆ ಬೈಯುವವರಿಲ್ಲ. ಗುಡಿಸಲು ಕುಸಿದರೆ, ಏಕೆ ಕುಸಿಯಿತೆಂಬುದನ್ನು ಮುರಿದ ಗಳುವೇ ಹೇಳುತ್ತದೆ. ಉದ್ದನೆಯ ಹಲಗೆಯನ್ನು ಒಬ್ಬನೇ ಎತ್ತಲಾರ. ಇನ್ನೊಬ್ಬನನ್ನು ಕರೆಯಬೇಕು, ಕರೆಯಬೇಕಾದರೆ ನಿನ್ನೆಯ ಜಗಳ ಮರೆಯಬೇಕು. ಉಯ್ಯಾಲೆಯ ಮುಂದೆ ಸರದಿಗಾಗಿ ಕಚ್ಚಾಡುವ ಮಕ್ಕಳೇ ಇಲ್ಲಿ ಪಾಲುದಾರರಾಗುತ್ತಾರೆ.

ನೋಡಲು ಮಾತ್ರ ಚೆಂದವಿಲ್ಲ. ತಮ್ಮ ಕೃತಿಗಳಲ್ಲೆಲ್ಲ ಇದೇ ಅತ್ಯಂತ ಕುರೂಪ, ಆದರೂ ತಮಗೆ ಇದೇ ಅತ್ಯಂತ ಸುಂದರ ಎಂಬುದು ಸ್ವತಃ ಸೊರೆನ್ಸೆನ್ನರ ಅಭಿಪ್ರಾಯವಾಗಿತ್ತು. ಅಚ್ಚುಕಟ್ಟನ್ನೇ ಶಿಸ್ತೆಂದು ಬಗೆಯುವ ನಮ್ಮಂಥ ತಂದೆತಾಯಿಗಳಿಗೆ ಈ ಮಾತು ಸುಲಭವಾಗಿ ಜೀರ್ಣವಾಗದು.

1946ರಲ್ಲಿ ಇಂಗ್ಲೆಂಡಿನ ಲೇಡಿ ಆ್ಯಲನ್ ಎಂಡ್ರುಪನ್ನು ಕಂಡು ಬೆರಗಾದರು. ಲಂಡನ್ನಿನಲ್ಲಿ ಬಾಂಬು ಬಿದ್ದು ಹಾಳಾದ ನಿವೇಶನಗಳಿಗೆ ಆಗ ಕೊರತೆಯಿರಲಿಲ್ಲ. ಅವುಗಳನ್ನು ಮಕ್ಕಳಿಗೆ ಬಿಟ್ಟುಕೊಡಿರೆಂದು ಅವರು ಪತ್ರಿಕೆಯಲ್ಲಿ ಬರೆದರು. 1948ರಲ್ಲಿ ಕ್ಯಾಂಬರ್‌ವೆಲ್‌ನಲ್ಲಿ ಅಂಥ ಬಯಲು ತೆರೆಯಿತು. ಮುಂದೆ ಅವರ ಗಮನ ಹರಿದುದು ಎಲ್ಲರೂ ಜೋಪಾನ ಮಾಡುತ್ತ, ಏನನ್ನೂ ಮುಟ್ಟಗೊಡದಿದ್ದ ಅಂಗವಿಕಲ ಮಕ್ಕಳ ಕಡೆಗೆ. 1970ರಲ್ಲಿ ಚೆಲ್ಸಿಯಲ್ಲಿ ಅವರಿಗೂ ಮಣ್ಣು, ನೀರು, ಮರ ದೊರೆತವು.