ದೊಡ್ಡ ಮನೆಯನ್ನು ಕಟ್ಟಿದವರು ಯಾರು?

ನ್ಯೂ ಆರ್ಲಿಯನ್ಸ್ ನಗರದಿಂದ ಮಿಸಿಸಿಪ್ಪಿ ನದಿಯ ಜಾಡು ಹಿಡಿದು ಪಶ್ಚಿಮಕ್ಕೆ ಸುಮಾರು ಒಂದು ಗಂಟೆ ಪಯಣಿಸಿದರೆ ಕಬ್ಬಿನ ಗದ್ದೆಗಳ ನಡುವೆ ಎತ್ತರದ ಬಿಳಿ ಕಂಬಗಳ ಬಂಗಲೆಗಳು ಒಂದೊಂದಾಗಿ ಎದುರಾಗುತ್ತವೆ. ಅಮೆರಿಕದ ಲೂಸಿಯಾನಾ ರಾಜ್ಯದ ಈ 'ರಿವರ್ ರೋಡ್' ಹಾದಿಯ ಹಳೆಯ ಪ್ಲಾಂಟೇಷನ್‌ಗಳನ್ನು ನೋಡಲು ವರ್ಷವಿಡೀ ಪ್ರವಾಸಿಗರು ಬರುತ್ತಾರೆ. ಬಸ್ಸಿನಲ್ಲಿ ಗುಂಪಾಗಿ ಬರುವವರು ಒಂದು ಬಗೆ. ತಮಗಾಗಿಯೇ ಒಂದು ಕಾರು, ತಮಗಾಗಿಯೇ ಒಬ್ಬ ಗೈಡ್ ಗೊತ್ತುಮಾಡಿಕೊಂಡು ಬರುವವರು ಇನ್ನೊಂದು ಬಗೆ. ಈ ಎರಡನೆಯವರಿಗೆ ಒಂದು ಅನುಕೂಲವಿದೆ. ಯಾವ ತೋಟಕ್ಕೆ ಹೋಗಬೇಕು, ಎಲ್ಲಿ ಹೆಚ್ಚು ಹೊತ್ತು ನಿಲ್ಲಬೇಕು ಎಂಬುದನ್ನು ಅವರೇ ತೀರ್ಮಾನಿಸಬಹುದು. ಗುಂಪಿನ ನಡುವೆ ಕೇಳಲು ಸಂಕೋಚವಾಗುವ ಪ್ರಶ್ನೆಗಳನ್ನೂ ಕೇಳಬಹುದು.

ಕೇಳಬೇಕಾದ ಮೊದಲ ಪ್ರಶ್ನೆ ಬಹಳ ಸರಳವಾದದ್ದು. ಈ ಮನೆಯನ್ನು ಕಟ್ಟಿದವರು ಯಾರು?

ಸರಳವಾದರೂ ಈ ಪ್ರಶ್ನೆಗೆ ಉತ್ತರ ಸುಲಭವಾಗಿ ಸಿಗುತ್ತಿರಲಿಲ್ಲ. ಬಂಗಲೆಯನ್ನು ಇಂಥ ವರ್ಷ ಕಟ್ಟಲಾಯಿತು, ಕಬ್ಬನ್ನು ಇಲ್ಲಿ ಅರೆಯಲಾಗುತ್ತಿತ್ತು, ಅತಿಥಿಗಳಿಗೆ ಈ ಮೇಜಿನ ಮೇಲೆ ಊಟ ಬಡಿಸಲಾಗುತ್ತಿತ್ತು- ದಶಕಗಳ ಕಾಲ ಗೈಡ್‌ಗಳ ವಿವರಣೆ ಸಾಗಿದ್ದು ಹೀಗೆ. ಕಟ್ಟಿದವರು, ಅರೆದವರು, ಬಡಿಸಿದವರು ಆ ಮಾತುಗಳಲ್ಲಿ ಇರುತ್ತಿರಲಿಲ್ಲ. ವ್ಯಾಕರಣದಲ್ಲಿ ಕರ್ತೃವನ್ನು ಬಿಟ್ಟು ವಾಕ್ಯ ರಚಿಸಬಹುದು. ಆದರೆ ಕರ್ತೃವನ್ನು ಬಿಟ್ಟು ಇತಿಹಾಸ ಹೇಳಲು ಬಂದೀತೇ?

ಏನಿದು ಪ್ಲಾಂಟೇಷನ್?

ಪ್ಲಾಂಟೇಷನ್ ಎಂದೊಡನೆ ಕನ್ನಡಿಗರಿಗೆ ನೆನಪಾಗುವುದು ಕೊಡಗು, ಚಿಕ್ಕಮಗಳೂರಿನ ಕಾಫಿ ಎಸ್ಟೇಟು. ಅಮೆರಿಕದ ದಕ್ಷಿಣ ರಾಜ್ಯಗಳಲ್ಲಿ ಈ ಪದಕ್ಕೆ ಬೇರೆಯೇ ಭಾರವಿದೆ. ಅಲ್ಲಿ ಹತ್ತಿ, ಕಬ್ಬು, ಭತ್ತ, ತಂಬಾಕು ಬೆಳೆದವರು ಕೂಲಿಯಾಳುಗಳಲ್ಲ. ಕೊಂಡು ತಂದ ಮನುಷ್ಯರು. ಅವರು ಕಾನೂನಿನ ಕಣ್ಣಿನಲ್ಲಿ ಮಾಲೀಕನ ಆಸ್ತಿ. ಅವರ ಹೊಟ್ಟೆಯಲ್ಲಿ ಹುಟ್ಟಿದ ಮಕ್ಕಳೂ ಅವನ ಆಸ್ತಿಯೇ. 1860ರ ಜನಗಣತಿಯಂತೆ ಅಮೆರಿಕದಲ್ಲಿದ್ದ ಗುಲಾಮರ ಸಂಖ್ಯೆ 39 ಲಕ್ಷಕ್ಕೂ ಹೆಚ್ಚು. ಲೂಸಿಯಾನಾ ಒಂದರಲ್ಲೇ 3 ಲಕ್ಷ 31 ಸಾವಿರಕ್ಕೂ ಹೆಚ್ಚು ಜನರಿದ್ದರು.

ಆಫ್ರಿಕಾದಿಂದ ಗುಲಾಮರನ್ನು ತರುವುದನ್ನು ಅಮೆರಿಕ 1808ರಲ್ಲಿ ನಿಷೇಧಿಸಿತು. ಆದರೆ ದೇಶದೊಳಗಿನ ವ್ಯಾಪಾರ ನಿಲ್ಲಲಿಲ್ಲ. ವರ್ಜೀನಿಯಾ, ಮೇರಿಲ್ಯಾಂಡ್ ಕಡೆಯಿಂದ ಸುಮಾರು 10 ಲಕ್ಷ ಜನರನ್ನು ದಕ್ಷಿಣದ ಹತ್ತಿ, ಕಬ್ಬಿನ ಸೀಮೆಗೆ ಸಾಗಿಸಿದರು. ಗಂಡನನ್ನು ಒಬ್ಬ, ಹೆಂಡತಿಯನ್ನು ಇನ್ನೊಬ್ಬ, ಮಗುವನ್ನು ಮತ್ತೊಬ್ಬ ಕೊಂಡುಕೊಂಡ ಪ್ರಸಂಗಗಳಿಗೆ ಲೆಕ್ಕವಿಲ್ಲ. ಈ ವ್ಯಾಪಾರದ ಅತಿ ದೊಡ್ಡ ಪೇಟೆ ನ್ಯೂ ಆರ್ಲಿಯನ್ಸ್.

ಲೂಸಿಯಾನಾದ ಕಬ್ಬಿನ ತೋಟವೆಂದರೆ ಗುಲಾಮರಲ್ಲಿ ವಿಶೇಷ ಭೀತಿಯಿತ್ತು. ಅದಕ್ಕೆ ಕಾರಣ ಹವಾಮಾನ. ಅಲ್ಲಿ ಚಳಿಗಾಲದಲ್ಲಿ ಇಬ್ಬನಿ ಹೆಪ್ಪುಗಟ್ಟುವಂಥ ಚಳಿ ಬೀಳುವುದುಂಟು. ಆ ಚಳಿ ಬಡಿದರೆ ಕಬ್ಬು ಕೆಡುತ್ತದೆ. ಹಾಗಾಗಿ ಅಕ್ಟೋಬರ್‌ನಿಂದ ಡಿಸೆಂಬರ್‌ವರೆಗಿನ ಅಲ್ಪ ಅವಧಿಯಲ್ಲಿ ಕಡಿದು, ಅರೆದು, ಕುದಿಸಿ ಮುಗಿಸಬೇಕಿತ್ತು. ಗಾಣಗಳು ಹಗಲಿರುಳೂ ತಿರುಗುತ್ತಿದ್ದವು. ಗಾಣಕ್ಕೆ ಕೈ ಸಿಕ್ಕಿದವರು, ಕುದಿಯುವ ಕಡಾಯಿಯ ರಸ ಬಿದ್ದು ಬೆಂದವರು ಅನೇಕರು. ಈ ಸೀಮೆಯಲ್ಲಿ ಗುಲಾಮರ ಹುಟ್ಟಿಗಿಂತ ಸಾವೇ ಹೆಚ್ಚಿತ್ತು ಎಂದು ಇತಿಹಾಸಕಾರರು ಹೇಳುತ್ತಾರೆ. ಸತ್ತವರ ಜಾಗಕ್ಕೆ ಪೇಟೆಯಿಂದ ಹೊಸಬರು ಬರುತ್ತಿದ್ದರು.

ಬಂಗಲೆಯ ಬಿಳಿ ಕಂಬಗಳು ಎದ್ದು ನಿಂತದ್ದು ಈ ದುಡಿಮೆಯ ಮೇಲೆ.

ಮರೆತ ಹೆಸರು

ರಿವರ್ ರೋಡ್‌ನಲ್ಲಿ ಅತಿ ಹೆಚ್ಚು ಛಾಯಾಚಿತ್ರಗಳಲ್ಲಿ ಕಾಣುವುದು 'ಓಕ್ ಆಲಿ' ತೋಟ. ನದಿಯ ಕಡೆಯಿಂದ ಬಂಗಲೆಯವರೆಗೆ ಸಾಲಿಗೆ 14ರಂತೆ 28 ಓಕ್ ಮರಗಳು ಎರಡೂ ಬದಿಯಲ್ಲಿ ಕೊಂಬೆ ಚಾಚಿ ಚಪ್ಪರ ಹಾಕಿವೆ. ಬಂಗಲೆ ಮುಗಿದದ್ದು 1839ರಲ್ಲಿ. ಮರಗಳು ಅದಕ್ಕಿಂತ ನೂರು ವರ್ಷ ಹಳೆಯವು. ಇಲ್ಲಿಗೆ ಬರುವವರು ಮರಗಳನ್ನು ನೋಡಿ ಬೆರಗಾಗುತ್ತಾರೆ. ಮರಗಳನ್ನು ಬಲ್ಲ ಒಬ್ಬ ಮನುಷ್ಯ ಇಲ್ಲಿ ಗುಲಾಮನಾಗಿದ್ದ ಎಂಬುದು ಬಹುಕಾಲ ಹೆಚ್ಚಿನವರಿಗೆ ತಿಳಿದಿರಲಿಲ್ಲ.

ಅವನ ಹೆಸರು ಆಂಟ್ವಾನ್. ಅಕ್ರೋಟಿನ ಜಾತಿಗೆ ಸೇರಿದ 'ಪೀಕನ್' ಅಮೆರಿಕದಲ್ಲಿ ಮನೆಮಾತಾದ ಕಾಯಿ. ಬೀಜ ನೆಟ್ಟು ಬೆಳೆಸಿದರೆ ಒಂದು ಮರದ ಕಾಯಿಯಂತೆ ಇನ್ನೊಂದರದ್ದು ಇರುವುದಿಲ್ಲ. ಒಳ್ಳೆಯ ಮರದ ಗುಣವನ್ನು ಉಳಿಸಿಕೊಳ್ಳಬೇಕಾದರೆ ಕಸಿ ಮಾಡಬೇಕು. ಅದನ್ನು 1840ರ ದಶಕದಲ್ಲಿ ಮೊದಲು ಸಾಧಿಸಿದವನು ಈ ಆಂಟ್ವಾನ್. ಸುಲಭವಾಗಿ ಒಡೆಯುವ ತೆಳು ಸಿಪ್ಪೆಯ ಆ ತಳಿ 1876ರ ಫಿಲಡೆಲ್ಫಿಯಾ ಶತಮಾನೋತ್ಸವ ವಸ್ತುಪ್ರದರ್ಶನದಲ್ಲಿ ಪ್ರಶಸ್ತಿ ಗಳಿಸಿತು. ಪ್ರಶಸ್ತಿ ಸಂದದ್ದು ಆಗಿನ ತೋಟದ ಮಾಲೀಕನಿಗೆ. ತಳಿಗೆ ಬಂದ ಹೆಸರು 'ಸೆಂಟೆನಿಯಲ್', ಅಂದರೆ ಶತಮಾನೋತ್ಸವದ್ದು.

ಆಂಟ್ವಾನನ ಬಗ್ಗೆ ನಮಗೆ ತಿಳಿಯುವುದು 1848ರಲ್ಲಿ ತೋಟದ ಒಡೆಯ ತೀರಿಕೊಂಡಾಗ ಬರೆದ ಆಸ್ತಿಪಟ್ಟಿಯಿಂದ. ಅದರಲ್ಲಿ ಅವನ ವಯಸ್ಸು 38, ಪೀಕನ್ ಕಸಿಯಲ್ಲಿ ನಿಪುಣ, ಬೆಲೆ 1,000 ಡಾಲರ್ ಎಂದಿದೆ. ಅವನ ಸ್ವಂತ ಮಾತಿನ ಒಂದು ಸಾಲೂ ಉಳಿದಿಲ್ಲ.

1990ರ ದಶಕದಿಂದ ಈಚೆಗೆ ಈ ಮೌನ ಮೆಲ್ಲನೆ ಒಡೆಯತೊಡಗಿತು. ವರ್ಜೀನಿಯಾದ ಮಾಂಟಿಚೆಲ್ಲೊ ಅಮೆರಿಕದ ಮೂರನೆಯ ಅಧ್ಯಕ್ಷ ಥಾಮಸ್ ಜೆಫರ್ಸನ್ನನ ಮನೆ. ಎಲ್ಲ ಮನುಷ್ಯರೂ ಸಮಾನರೆಂದು ಸಾರಿದ ಘೋಷಣೆಯ ಕರ್ತೃವಾದ ಆತ ತನ್ನ ಜೀವಮಾನದಲ್ಲಿ 600ಕ್ಕೂ ಹೆಚ್ಚು ಗುಲಾಮರ ಒಡೆಯನಾಗಿದ್ದ. ಅಲ್ಲಿ ಗುಲಾಮರ ಬದುಕನ್ನೇ ಕುರಿತ ಪ್ರತ್ಯೇಕ ಟೂರ್ 1993ರಲ್ಲಿ ಆರಂಭವಾಯಿತು. ಆದರೆ ಬೇರೆಡೆ ಬದಲಾವಣೆ ನಿಧಾನವಾಗಿತ್ತು. ಜೆನಿಫರ್ ಐಕ್‌ಸ್ಟೆಟ್ ಮತ್ತು ಸ್ಟೀಫನ್ ಸ್ಮಾಲ್ ಎಂಬ ಸಮಾಜಶಾಸ್ತ್ರಜ್ಞರು ವರ್ಜೀನಿಯಾ, ಜಾರ್ಜಿಯಾ, ಲೂಸಿಯಾನಾ ರಾಜ್ಯಗಳ 122 ತಾಣಗಳಿಗೆ ಭೇಟಿ ಕೊಟ್ಟು 2002ರಲ್ಲಿ ಒಂದು ಪುಸ್ತಕ ಪ್ರಕಟಿಸಿದರು. ಹೆಚ್ಚಿನ ಕಡೆ ಗುಲಾಮಗಿರಿಯ ಪ್ರಸ್ತಾಪವೇ ಇಲ್ಲ, ಇದ್ದರೂ ನೆಪಮಾತ್ರಕ್ಕೆ ಎಂಬುದು ಅವರು ಕಂಡುಕೊಂಡ ಸತ್ಯ. ಪೀಠೋಪಕರಣಗಳ ಬಗ್ಗೆ ಗಂಟೆಗಟ್ಟಲೆ ವಿವರಿಸುವ ಗೈಡ್‌ಗಳು ಮನುಷ್ಯರ ಬಗ್ಗೆ ಮೌನ ವಹಿಸುತ್ತಿದ್ದರು.

ಇಂದು ಓಕ್ ಆಲಿಯಲ್ಲೂ ಗುಲಾಮರ ಗುಡಿಸಲುಗಳನ್ನು ಮರುನಿರ್ಮಿಸಿ ಅವರ ಹೆಸರುಗಳನ್ನು ಬರೆದಿಡಲಾಗಿದೆ.

ಹೆಸರುಗಳ ಗೋಡೆ

ಓಕ್ ಆಲಿಯಿಂದ ತುಸು ದೂರದಲ್ಲಿ, ವಾಲೆಸ್ ಎಂಬ ಊರಿನ ಬಳಿ 'ವಿಟ್ನಿ ಪ್ಲಾಂಟೇಷನ್' ಇದೆ. ಜರ್ಮನಿಯಿಂದ ವಲಸೆ ಬಂದ ಆಂಬ್ರೋಸ್ ಹೈಡೆಲ್ 1752ರಲ್ಲಿ ಸ್ಥಾಪಿಸಿದ ತೋಟವಿದು. ಮೊದಲು ಬೆಳೆದದ್ದು ನೀಲಿ. 19ನೇ ಶತಮಾನದ ಆರಂಭದಲ್ಲಿ ಕಬ್ಬು. 1844ರ ಒಂದೇ ಹಂಗಾಮಿನಲ್ಲಿ ಇಲ್ಲಿ 4 ಲಕ್ಷ ಪೌಂಡ್‌ಗೂ ಹೆಚ್ಚು ಸಕ್ಕರೆ ತಯಾರಾಯಿತು. 1860ರ ವೇಳೆಗೆ ಈ ತೋಟದಲ್ಲಿ 101 ಮಂದಿ ಗುಲಾಮರಿದ್ದರು.

ಒಂದು ರಾಸಾಯನಿಕ ಕಂಪನಿ ಇಲ್ಲಿ ಕಾರ್ಖಾನೆ ಕಟ್ಟಲು ಹೊರಟು, ಸ್ಥಳೀಯರ ವಿರೋಧದಿಂದ ಹಿಂದೆ ಸರಿದಿತ್ತು. 1990ರ ದಶಕದ ಕೊನೆಯಲ್ಲಿ ನ್ಯೂ ಆರ್ಲಿಯನ್ಸ್‌ನ ವಕೀಲ ಜಾನ್ ಕಮಿಂಗ್ಸ್ ಜಮೀನನ್ನು ಕೊಂಡರು. ಆ ಕಂಪನಿಯೇ ಮಾಡಿಸಿದ್ದ ಐತಿಹಾಸಿಕ ಸಮೀಕ್ಷೆಯ ಸಂಪುಟಗಳು ಜಮೀನಿನ ಜೊತೆಗೆ ಅವರಿಗೆ ದೊರೆತವು. ಅವುಗಳಲ್ಲಿದ್ದ ಗುಲಾಮರ ಪಟ್ಟಿಗಳನ್ನು ಓದಿದ ಕಮಿಂಗ್ಸ್ ತಮ್ಮ ಸ್ವಂತ ಹಣದಲ್ಲಿ ವಸ್ತುಸಂಗ್ರಹಾಲಯ ಕಟ್ಟಲು ಮುಂದಾದರು. ಸಂಶೋಧನೆಯ ಹೊಣೆ ಹೊತ್ತವರು ಸೆನೆಗಾಲ್ ದೇಶದ ಇತಿಹಾಸಕಾರ ಇಬ್ರಾಹಿಮಾ ಸೆಕ್. 2014ರ ಡಿಸೆಂಬರ್‌ನಲ್ಲಿ ವಿಟ್ನಿ ಸಾರ್ವಜನಿಕರಿಗೆ ತೆರೆಯಿತು. ಬಿಳಿಯ ಶ್ರೀಮಂತನೊಬ್ಬ ಈ ಕಥೆಯನ್ನು ಹೇಳಬಹುದೇ ಎಂಬ ಪ್ರಶ್ನೆಯೂ ಆಗ ಎದ್ದಿತು. 2019ರಲ್ಲಿ ಕಮಿಂಗ್ಸ್ ಇಡೀ ತಾಣವನ್ನು ಲಾಭರಹಿತ ಸಂಸ್ಥೆಗೆ ಒಪ್ಪಿಸಿದರು.

ಇಲ್ಲಿ ಟೂರ್‌ನ ಕ್ರಮವೇ ತಲೆಕೆಳಗು. ದೊಡ್ಡ ಮನೆ ಬರುವುದು ಕೊನೆಗೆ. ಮೊದಲು ಕಾಣುವುದು ವಿಮೋಚನೆಗೊಂಡವರು ಕಟ್ಟಿಕೊಂಡ ಒಂದು ಚರ್ಚು. ಬೇರೆಡೆಯಿಂದ ತಂದು ನಿಲ್ಲಿಸಿದ ಕಟ್ಟಡವದು. ಒಳಗೆ ಶಿಲ್ಪಿ ವುಡ್ರೋ ನ್ಯಾಶ್ ರೂಪಿಸಿದ ಮಕ್ಕಳ ಪ್ರತಿಮೆಗಳು ನಿಂತಿವೆ. ಮಕ್ಕಳೇ ಏಕೆ? 1936ರಿಂದ 1938ರವರೆಗೆ ಸರ್ಕಾರದ ಯೋಜನೆಯೊಂದರಡಿ ಮಾಜಿ ಗುಲಾಮರ 2,300ಕ್ಕೂ ಹೆಚ್ಚು ಸಂದರ್ಶನಗಳನ್ನು ದಾಖಲಿಸಿದರು. 1865ರಲ್ಲಿ ಗುಲಾಮಗಿರಿ ಅಂತ್ಯವಾದಾಗ ಅವರಲ್ಲಿ ಹೆಚ್ಚಿನವರು ಚಿಕ್ಕವರಾಗಿದ್ದರು. ಅವರು ನೆನಪಿಸಿಕೊಂಡದ್ದು ಬಾಲ್ಯವನ್ನು. ಮುದುಕರ ಬಾಯಲ್ಲಿ ಉಳಿದಿದ್ದ ಆ ಮಕ್ಕಳೇ ಇಲ್ಲಿ ಪ್ರತಿಮೆಗಳಾಗಿದ್ದಾರೆ.

ಮುಂದೆ ಹೆಸರುಗಳ ಗೋಡೆಗಳು. ವಿಟ್ನಿಯಲ್ಲೇ ದುಡಿದ 350ಕ್ಕೂ ಹೆಚ್ಚು ಜನರದ್ದು ಒಂದು ಕಡೆ. ಇನ್ನೊಂದು ಕಡೆ, ಇತಿಹಾಸಕಾರ್ತಿ ಗ್ವೆಂಡೊಲಿನ್ ಮಿಡ್ಲೊ ಹಾಲ್ ಹಳೆಯ ಕಡತಗಳಿಂದ ಹೆಕ್ಕಿ ತೆಗೆದ ಲೂಸಿಯಾನಾದ 1 ಲಕ್ಷ 7 ಸಾವಿರ ಹೆಸರುಗಳು. ಮತ್ತೊಂದು ಆವರಣದಲ್ಲಿ ಆ ಒಂದೇ ಜಿಲ್ಲೆಯಲ್ಲಿ ಎಳವೆಯಲ್ಲೇ ತೀರಿಕೊಂಡ ಸುಮಾರು 2,200 ಗುಲಾಮ ಮಕ್ಕಳ ನೆನಪು. 1811ರ ಜನವರಿಯಲ್ಲಿ ಚಾರ್ಲ್ಸ್ ಡೆಲೊಂಡ್ ನೇತೃತ್ವದಲ್ಲಿ ಈ ಸೀಮೆಯ ಗುಲಾಮರು ನ್ಯೂ ಆರ್ಲಿಯನ್ಸ್ ಕಡೆಗೆ ದಂಡೆತ್ತಿ ಹೋದರು. ದಂಗೆಯಲ್ಲಿ ಸತ್ತ ಬಿಳಿಯರು ಇಬ್ಬರು. ಕಾಳಗದಲ್ಲೂ ನಂತರದ ಶಿಕ್ಷೆಯಲ್ಲೂ ಸತ್ತ ಕಪ್ಪು ಜನ ಸುಮಾರು 95. ಅವರ ತಲೆಗಳನ್ನು ಕಡಿದು ನದಿಯ ದಂಡೆಯುದ್ದಕ್ಕೂ ಕಂಬಗಳಿಗೆ ಸಿಕ್ಕಿಸಿದ್ದರು. ಅವರಿಗೂ ಇಲ್ಲಿ ಸ್ಮಾರಕವಿದೆ.

ಗೋಡೆಗಳ ಮುಂದೆ ಕೆಲವರು ಬೆರಳಾಡಿಸುತ್ತ ನಿಲ್ಲುವುದುಂಟು. ತಮ್ಮ ವಂಶದ ಹೆಸರು ಹುಡುಕುವವರು ಅವರು. ಈ ತೋಟದ ಅನ್ನಾ ಎಂಬ ಗುಲಾಮ ಹೆಣ್ಣಿಗೆ ಒಡೆಯರ ಮನೆತನದವನೊಬ್ಬನಿಂದ ಹುಟ್ಟಿದ ಮಗ ವಿಕ್ಟರ್. ಅವನ ಸಂತತಿಯಲ್ಲಿ ಬಂದವರು ಸಿಬಿಲ್ ಮೋರಿಯಲ್. ಅವರ ಪತಿ ಅರ್ನೆಸ್ಟ್ ಮೋರಿಯಲ್ 1978ರಲ್ಲಿ ನ್ಯೂ ಆರ್ಲಿಯನ್ಸ್‌ನ ಮೊದಲ ಕಪ್ಪು ಮೇಯರ್ ಆದರು. ಗೋಡೆಯ ಮೇಲಿನ ಹೆಸರಿಗೂ ನಗರಸಭೆಯ ಕುರ್ಚಿಗೂ ನಡುವಿನ ದೂರ ಕೆಲವೇ ತಲೆಮಾರು.

ಭಾಷೆಯೂ ಬದಲಾಗಿದೆ. ಈಗಿನ ಗೈಡ್‌ಗಳು 'ಗುಲಾಮ' ಎನ್ನುವುದಕ್ಕಿಂತ 'ಗುಲಾಮನನ್ನಾಗಿ ಮಾಡಲಾದ ವ್ಯಕ್ತಿ' ಎಂಬರ್ಥದ ಪದವನ್ನು ಬಳಸುತ್ತಾರೆ. ಗುಲಾಮಗಿರಿ ಯಾರ ಹುಟ್ಟುಗುಣವೂ ಅಲ್ಲ, ಯಾರೋ ಮಾಡಿದ ಕೃತ್ಯ ಎಂಬುದನ್ನು ಆ ಪದ ನೆನಪಿಸುತ್ತದೆ.

ಧಾರವಾಡದ ನಂಟು

ಈ ನದೀತೀರದ ಕಥೆಗೂ ಕನ್ನಡ ನಾಡಿಗೂ ಒಂದು ನಂಟಿದೆ. ಬ್ರಿಟನ್ನಿನ ಗಿರಣಿಗಳಿಗೆ ಹೋಗುತ್ತಿದ್ದ ಹತ್ತಿಯ ಬಹುಪಾಲು ಗುಲಾಮರು ಬಿಡಿಸಿದ ಹತ್ತಿ. ಒಂದೇ ಮೂಲವನ್ನು ನೆಚ್ಚಬಾರದೆಂದು ಈಸ್ಟ್ ಇಂಡಿಯಾ ಕಂಪನಿ 1840ರಲ್ಲಿ ಅಮೆರಿಕದ ದಕ್ಷಿಣದಿಂದ ಹತ್ತು ಮಂದಿ ತೋಟಗಾರರನ್ನು ಭಾರತಕ್ಕೆ ಕರೆಸಿತು. ಅವರ ಪ್ರಯೋಗಗಳು ಬಹುತೇಕ ಕಡೆ ಸೋತವು. ಆದರೆ ಧಾರವಾಡ ಸೀಮೆಯ ಮಣ್ಣಿನಲ್ಲಿ ನ್ಯೂ ಆರ್ಲಿಯನ್ಸ್‌ನ ಬೀಜ ಬೇರೂರಿತು. 'ಧಾರವಾಡ ಅಮೆರಿಕನ್' ಎಂದು ಹೆಸರಾದ ಹತ್ತಿ ಅದೇ. 1861ರಲ್ಲಿ ಅಮೆರಿಕದ ಅಂತರ್ಯುದ್ಧ ಆರಂಭವಾಗಿ ದಕ್ಷಿಣದ ಬಂದರುಗಳು ಮುಚ್ಚಿದಾಗ ಧಾರವಾಡದ ಹತ್ತಿಗೆ ಬಂಗಾರದ ಬೆಲೆ ಬಂತು. 1865ರಲ್ಲಿ ಯುದ್ಧ ಮುಗಿದೊಡನೆ ಬೆಲೆ ಕುಸಿಯಿತು. ಅಲ್ಲಿ ಗುಲಾಮರಿಗೆ ಬಿಡುಗಡೆಯಾದ ಆ ವರ್ಷ ಇಲ್ಲಿನ ಹತ್ತಿ ಪೇಟೆಗೆ ಕೆಟ್ಟ ವರ್ಷ.

ಸುಟ್ಟುಹೋದ ಬಂಗಲೆ

ಪ್ಲಾಂಟೇಷನ್ ಎಂಬುದು ಇಂದಿಗೂ ಹಲವರಿಗೆ ಮದುವೆಯ ಮಂಟಪ. ಬಿಳಿ ಕಂಬ, ಹಸಿರು ಹುಲ್ಲು, ಓಕ್ ಮರಗಳ ನೆರಳು ಬೇಕೆನ್ನುವವರಿದ್ದಾರೆ. ಇದು ಸರಿಯೇ ಎಂಬ ಚರ್ಚೆ ಜೋರಾಗಿ, 2019ರಲ್ಲಿ ಅಮೆರಿಕದ ಕೆಲವು ಪ್ರಮುಖ ಇಂಟರ್‌ನೆಟ್ ತಾಣಗಳು ಇಂಥ ಮದುವೆಗಳಿಗೆ ಪ್ರಚಾರ ಕೊಡುವುದನ್ನು ಮೊಟಕುಗೊಳಿಸಿದವು.

ಅದೇ ರಿವರ್ ರೋಡ್‌ನ ಮೇಲ್ಭಾಗದಲ್ಲಿದ್ದ 'ನಾಟೊವೆ' ಬಂಗಲೆ 1859ರಲ್ಲಿ ಪೂರ್ಣಗೊಂಡಿತ್ತು. ದಕ್ಷಿಣದಲ್ಲಿ ಉಳಿದಿದ್ದ ಅತಿ ದೊಡ್ಡ ಪ್ಲಾಂಟೇಷನ್ ಬಂಗಲೆ ಎಂಬ ಹೆಸರು ಅದಕ್ಕಿತ್ತು. ಅದರ ಒಡೆಯನ ಬಳಿ 155 ಗುಲಾಮರಿದ್ದರು. ಇತ್ತೀಚಿನವರೆಗೂ ಮದುವೆ, ಔತಣಗಳ ರೆಸಾರ್ಟ್ ಆಗಿದ್ದ ಈ ಬಂಗಲೆ 2025ರ ಮೇ 15ರಂದು ಬೆಂಕಿಗೆ ಆಹುತಿಯಾಯಿತು. ಅಪೂರ್ವ ವಾಸ್ತುಶಿಲ್ಪ ಹೋಯಿತೆಂದು ಕೆಲವರು ಮರುಗಿದರು. ಪೂರ್ವಜರ ನೋವಿನ ಗುರುತು ಅಳಿಯಿತೆಂದು ಕೆಲವರು ಸಂಭ್ರಮಿಸಿದರು. ಇನ್ನು ಕೆಲವರ ಚಿಂತೆ ಬೇರೆ. ಆ ಇಟ್ಟಿಗೆ, ಮರಗೆಲಸ ಗುಲಾಮರ ಕೈಗಳದ್ದು. ಅವರ ಕಸುಬಿನ ಸಾಕ್ಷ್ಯವೂ ಮಾಲೀಕನ ವೈಭವದ ಜೊತೆಗೇ ಸುಟ್ಟುಹೋಯಿತಲ್ಲ ಎಂಬುದು ಅವರ ಮಾತು.

ಮೂರೂ ಅಭಿಪ್ರಾಯಗಳಿಗೆ ಕಾರಣಗಳಿವೆ. ಆದರೆ ಮೂರನೆಯದು ಹೊಳೆಯಬೇಕಾದರೆ ಆ ಕೈಗಳ ಬಗ್ಗೆ ಮೊದಲೇ ಯಾರಾದರೂ ಹೇಳಿರಬೇಕು. ವಿಟ್ನಿಯ ಗೈಡ್‌ಗಳು ಮಾಡುತ್ತಿರುವುದು ಆ ಕೆಲಸವನ್ನೇ. ಚರ್ಚು, ಹೆಸರುಗಳ ಗೋಡೆ, ಗುಡಿಸಲು, ಅಡುಗೆಮನೆಗಳನ್ನೆಲ್ಲ ದಾಟಿ ಪ್ರವಾಸಿ ಕೊನೆಗೆ ದೊಡ್ಡ ಮನೆಯ ಹೊಸ್ತಿಲು ತುಳಿಯುವ ಹೊತ್ತಿಗೆ, ಅದನ್ನು ಕಟ್ಟಿದವರು ಯಾರೆಂದು ಗೈಡನ್ನು ಕೇಳಬೇಕಾದ ಅಗತ್ಯ ಉಳಿದಿರುವುದಿಲ್ಲ.